ಟವೆಲ್ಲಿನ ಹಿಂದಿನ ಫೈಟು

ಹೆಂಡತಿ: ‘ಸ್ವಲ್ಪ ಮಾತಾಡ್ಬೇಕಿತ್ತು’ ಅಂದ್ರು ರೀ. ಸ್ವಲ್ಪ! ಸ್ವಲ್ಪ ಅಂದಿದ್ದು ಯಾವತ್ತಾದ್ರೂ ಸ್ವಲ್ಪದಲ್ಲಿ ಮುಗಿದಿದ್ದು ನೋಡಿದೀರಾ?

ಗಂಡ: ಸ್ವಲ್ಪ ಅಂದ್ರೆ ಸ್ವಲ್ಪ ಕಣೇ. ಫೋನ್ ಮಾಡು, ಮುಗೀತು.

ಹೆಂಡತಿ: ಡಾಕ್ಟ್ರು ‘ಸ್ವಲ್ಪ ನೋವಾಗುತ್ತೆ’ ಅಂತಾರೆ, ಜೀವ ಬಾಯಿಗೆ ಬರುತ್ತೆ. ನೀವು ‘ಸ್ವಲ್ಪ ಹೊತ್ತಲ್ಲಿ ಬಂದೆ’ ಅಂತೀರಿ, ಅಷ್ಟರಲ್ಲಿ ಮಗು ಮಲಗಿ ಎದ್ದಿರುತ್ತೆ. ಈಗ ಮಿಸ್ ಅಂದಿದಾರೆ. ಅದೂ ಹೇಗೆ? ಆ ಕಡೆ ಈ ಕಡೆ ನೋಡಿ, ದನಿ ಇಳಿಸಿ.

ಗಂಡ: ಗಂಟಲು ಕಟ್ಟಿರ್ಬೇಕು.

ಹೆಂಡತಿ: ಗಂಟಲು ಕಟ್ಟಿದೋರು ಕೆಮ್ತಾರೆ. ಆ ಕಡೆ ಈ ಕಡೆ ನೋಡಲ್ಲ.

ನಿನ್ನೆ ಸಂಜೆ ಶಿಶುವಿಹಾರದ ಗೇಟಿನಲ್ಲಿ ಹೊಕ್ಕ ಈ ಹುಳ, ಇವತ್ತು ಮಧ್ಯಾಹ್ನವಾದರೂ ಅವಳ ತಲೆಯಿಂದ ಇಳಿದಿರಲಿಲ್ಲ. ಅವಳ ಕೆಲಸವೂ ಅಂಥದ್ದೇ. ವಿಮಾ ಕಚೇರಿಯಲ್ಲಿ ಕೂತು, ಇನ್ನೂ ಆಗದೇ ಇರುವ ಅನಾಹುತಗಳು ಆದರೆ ಹೇಗಿರುತ್ತವೆ ಎಂದು ಊಹಿಸುವುದು. ಮಗಳು ಹುಟ್ಟಿದ ಮೇಲೆ ತೆಗೆದುಕೊಂಡಿದ್ದ ರಜೆ ಎಳೆದೂ ಎಳೆದೂ ರಬ್ಬರಿನಂತಾಗಿ, ಬರುವ ಸೋಮವಾರ ಕಡಿದು ಬೀಳಲಿತ್ತು. ಸೋಮವಾರ ಅವಳು ಕುರ್ಚಿಯಲ್ಲಿ ಕೂರದಿದ್ದರೆ ಕುರ್ಚಿ ಬೇರೆಯವರದು. ಅವಳು ಕೂರಬೇಕಾದರೆ ಮಗಳು ಶಿಶುವಿಹಾರದಲ್ಲಿ ಕೂರಬೇಕು. ಮಿಸ್ ಈಗ ‘ನಿಮ್ಮ ಮಗಳನ್ನ ಕರ್ಕೊಂಡು ಹೋಗಿ’ ಎಂದರೆ ಎಲ್ಲವೂ ಗೋವಿಂದ.

ಮನೆಯಲ್ಲಿ ಮಾವ ಇದ್ದಾರೆ ನಿಜ. ಆದರೆ ಮಂಡಿ ನೋವಿನ ಮಾವ ಮೊಮ್ಮಗಳ ಹಿಂದೆ ಎರಡು ಹೆಜ್ಜೆ ಓಡಿದರೆ, ಮೂರನೆಯದಕ್ಕೆ ಮೊಮ್ಮಗಳೇ ಅವರನ್ನು ಹಿಡಿದುಕೊಳ್ಳಬೇಕು. ಗಂಡ ಲಿಫ್ಟ್ ಮೆಕ್ಯಾನಿಕ್. ಊರಿನ ಯಾವ ಲಿಫ್ಟ್ ಎಲ್ಲಿ ಸಿಕ್ಕಿಕೊಂಡರೂ ಎದ್ದು ಓಡುವವನು, ಸ್ವಂತ ಸಂಸಾರ ಹೂಡಿದ್ದು ಮಾತ್ರ ಲಿಫ್ಟೇ ಇಲ್ಲದ ಕಟ್ಟಡದ ನಾಲ್ಕನೇ ಮಹಡಿಯಲ್ಲಿ.

ಗಂಡ: ನೋಡು, ರಾತ್ರಿಯೆಲ್ಲ ಡ್ಯೂಟಿ ಮಾಡಿ ಬಂದಿದೀನಿ. ಕಣ್ಣು ಉರೀತಿದೆ. ಒಂದೋ ಫೋನ್ ಮಾಡು, ಇಲ್ಲಾ ಫೋನ್ ಕೆಳಗಿಡು. ಆಗಿಂದ ಅದನ್ನ ಇಸ್ತ್ರಿಪೆಟ್ಟಿಗೆ ಹಿಡ್ಕೊಂಡ ಹಾಗೆ ಹಿಡ್ಕೊಂಡಿದೀಯ.

ಹೆಂಡತಿ: ಮಾಡ್ತೀನಿ. ಆದ್ರೆ ಬೆಳಿಗ್ಗೆ ‘ಮಗೂಗೆ ಕೆಮ್ಮು, ಇವತ್ತು ಕಳಿಸಲ್ಲ’ ಅಂತ ಮೆಸೇಜ್ ಹಾಕ್ಬಿಟ್ಟಿದೀನಿ.

ಗಂಡ: ಕೆಮ್ಮಾ? ಯಾವಾಗ ಬಂತು?

ಹೆಂಡತಿ: ಮೆಸೇಜ್ ಹಾಕುವಾಗ.

ಗಂಡ: ಸುಳ್ಳು ಹೇಳಿದ್ಯಾ!

ಹೆಂಡತಿ: ಮೆತ್ತಗೆ! ಒಳಗಿದ್ದಾಳೆ ಅವಳು. ಕೇಳಿಸ್ಕೊಂಡ್ರೆ ಮುಗೀತು.

ಕೇಳಿಸಿಕೊಂಡಾಗಿತ್ತು. ಬಾಗಿಲಲ್ಲಿ, ನಾಲ್ಕು ವರ್ಷ ಇನ್ನೂ ತುಂಬದ ಮಗಳು ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಳು. ಕಣ್ಣಿಗೆ ಅಪ್ಪನ ಕಪ್ಪು ಕನ್ನಡಕ. ಅದು ಹುಬ್ಬಿನಿಂದ ಬಾಯಿಯ ತನಕ ಮುಚ್ಚಿಕೊಂಡು, ಮುಖದಲ್ಲಿ ಗಲ್ಲವೊಂದು ಬಿಟ್ಟು ಬೇರೇನೂ ಕಾಣುತ್ತಿರಲಿಲ್ಲ. ತಿಂಗಳಿನಿಂದ ಅವಳು ಹೀಗೆಯೇ. ಹೆಸರು ಹಿಡಿದು ಕರೆದರೆ ಓಗೊಡುವುದಿಲ್ಲ, ‘ಇನ್‌ಸ್ಪೆಕ್ಟ್ರೇ’ ಎಂದರೆ ಮಾತ್ರ.

ಮಗಳು: ನಂಗೆ ಕೆಮ್ಮಿಲ್ಲ.

ಹೆಂಡತಿ: ಇಲ್ಲ ಪುಟ್ಟಾ. ಆದ್ರೆ ಸ್ವಲ್ಪ ಇರೋ ಹಾಗೆ ಇದೆ.

ಮಗಳು: ಇಲ್ಲ.

ಗಂಡ: ಇನ್‌ಸ್ಪೆಕ್ಟ್ರೇ, ಇಲ್ಲಿ ಬನ್ನಿ. ಅಮ್ಮ ಈಗ ಫೋನ್ ಮಾಡ್ತಾಳೆ. ಅಕಸ್ಮಾತ್ ಮಿಸ್ ಕೇಳಿದ್ರೆ ಒಂದೇ ಒಂದು ಸಲ ಕೆಮ್ಮಿ. ಚಿಕ್ಕದಾಗಿ. ಇಗೋ, ಕ್ರೀಮ್ ಬಿಸ್ಕತ್ತು.

ಮಗಳು ಬಿಸ್ಕತ್ತನ್ನು ನೋಡಿದಳು. ಆಸೆಯಿಂದಲೇ ನೋಡಿದಳು. ಆಮೇಲೆ ಕನ್ನಡಕವನ್ನು ನಿಧಾನವಾಗಿ ತೆಗೆದಳು.

ಮಗಳು: ಲಂಚ!

ಗಂಡ: ಲಂಚ ಅಲ್ಲಮ್ಮ, ಪ್ರೀತಿ.

ಮಗಳು: ಪ್ರೀತಿ ಆದ್ರೆ ಕೆಮ್ಮದೇ ಇದ್ರೂ ಕೊಡು.

ಗಂಡ ಕೈ ಚಾಚಿದ. ಬಿಸ್ಕತ್ತು ಕೊಟ್ಟ. ಅವಳು ಅದನ್ನು ತಿನ್ನುತ್ತ, ಕೆಮ್ಮದೆ, ಒಳಗೆ ಹೋದಳು.

ಹೆಂಡತಿ: ನೋಡಿದ್ರಾ? ಮೊದ್ಲು ಈ ಮನೇಲಿ ಹಾಲು ಕುಡಿದ್ರೆ ಚಾಕ್ಲೇಟು, ಷೂ ಹಾಕ್ಕೊಂಡ್ರೆ ಬಿಸ್ಕತ್ತು, ಹಲ್ಲುಜ್ಜಿದ್ರೆ ಕಾರ್ಟೂನು. ಸಂಸಾರ ಸಲೀಸಾಗಿ ನಡೀತಿತ್ತು. ಈಗ ಏನು ಕೊಟ್ರೂ ಕೇಸು. ಯಾವಾಗಿಂದ? ಆ ತೆಲುಗು ಸಿನಿಮಾ ನೋಡೋಕೆ ಶುರು ಮಾಡಿದ ಮೇಲೆ.

ಗಂಡ: ಲಂಚ ತಗೊಳ್ಳದ ಪೊಲೀಸ್ ಕತೆ ಕಣೇ ಅದು. ಒಳ್ಳೇ ಕತೆ ಅಲ್ವಾ?

ಹೆಂಡತಿ: ಒಳ್ಳೇ ಕತೆಯ ಪೊಲೀಸು ಲಂಚ ಬೇಡ ಅಂತ ಹೇಳಿ ಸುಮ್ನೆ ಮನೆಗೆ ಹೋಗ್ತಾನಾ? ಕೊಟ್ಟೋನನ್ನ ಕಂಬಕ್ಕೆ ಅಪ್ಪಳಿಸಿ ಹೋಗ್ತಾನೆ. ಇವಳೂ ಅಲ್ಲಿ ಅದನ್ನೇ ಮಾಡ್ತಿದಾಳೆ. ನನ್ನ ಹತ್ರ ಸಾಕ್ಷಿ ಇದೆ.

ಗಂಡ: ಏನು ಸಾಕ್ಷಿ?

ಹೆಂಡತಿ: ಆ ಗುಂಡ.

ಗುಂಡ ಎಂದರೆ ಶಿಶುವಿಹಾರದಲ್ಲಿ ಎಲ್ಲರಿಗಿಂತ ದಪ್ಪಗಿರುವ, ಎಲ್ಲರ ತಿಂಡಿಯಲ್ಲೂ ಪಾಲು ಕೇಳುವ ಮಗು. ನಿನ್ನೆ ಸಂಜೆ ನಡೆದದ್ದನ್ನು ಅವಳು ಇನ್ನೂ ಯಾರಿಗೂ ಹೇಳಿರಲಿಲ್ಲ. ಹೇಳಿದರೆ ನಿಜವಾಗಿಬಿಡುತ್ತದೆ ಎಂಬ ಭಯ.

ಹೆಂಡತಿ: ಗೇಟ್ ಹತ್ರ ನಿಂತಿದ್ದೆ. ಇವಳು ಬ್ಯಾಗ್ ಎತ್ಕೊಳ್ಳೋಕೆ ಅಂತ ಅಂಗಿ ತೋಳು ಮಡಚಿದ್ಲು. ಅಷ್ಟೇ. ಎದುರಿಗೆ ಬರ್ತಿದ್ದ ಗುಂಡ ಅದನ್ನ ನೋಡಿದ. ನೋಡಿ, ಹಾಗೇ ನೆಲದ ಮೇಲೆ ಉದ್ದಕ್ಕೆ ಬಿದ್ಕೊಂಡ.

ಗಂಡ: ಎಡವಿರ್ಬೇಕು.

ಹೆಂಡತಿ: ಎಡವಿದೋರು ಮೊದ್ಲು ಟೋಪಿ ತೆಗೆದು ತಲೆ ಕೆಳಗೆ ಇಟ್ಕೋತಾರಾ?

ಗಂಡ: ಆಮೇಲೆ?

ಹೆಂಡತಿ: ಕಣ್ಣು ಮುಚ್ಚಿಕೊಂಡ. ಅವರಮ್ಮ ‘ಏಳೋ, ಏಳೋ’ ಅಂತ ಎಳೀತಿದಾರೆ, ಏಳಲ್ಲ. ಇವಳು ಗೇಟ್ ದಾಟಿದ ಮೇಲೆ ಎದ್ದ. ಒಂದು ಮಗು ಇನ್ನೊಂದು ಮಗು ತೋಳು ಮಡಚಿದ್ದು ನೋಡಿ ತಾನಾಗೇ ಬೀಳುತ್ತೆ ಅಂದ್ರೆ, ಅದಕ್ಕೆ ಮುಂಚೆ ಎಷ್ಟು ಸಲ ಬಿದ್ದಿರ್ಬೇಕು!

ಗಂಡ ಗಲ್ಲ ಕೆರೆದುಕೊಂಡ. ತಂತಿ, ಬೋಲ್ಟು, ಮೋಟಾರು ಇದ್ದಿದ್ದರೆ ಅವನಿಗೆ ತಕ್ಷಣ ಹೊಳೆಯುತ್ತಿತ್ತು. ಗುಂಡನಲ್ಲಿ ಇವು ಯಾವುವೂ ಇರಲಿಲ್ಲ.

ಗಂಡ: ಆದ್ರೂ... ನನ್ನ ಮಗಳು ಹೊಡೆಯೋ ಜಾತಿ ಅಲ್ಲ ಕಣೇ. ಇರುವೆ ಅಡ್ಡ ಬಂದ್ರೆ ಸುತ್ತು ಹಾಕ್ಕೊಂಡು ಹೋಗ್ತಾಳೆ.

ಹೆಂಡತಿ: ಅದು ಸಿನಿಮಾಕ್ಕೆ ಮುಂಚೆ. ಮಾವಾ! ಮಾವಾ, ಸ್ವಲ್ಪ ಬನ್ನಿ ಇಲ್ಲಿ.

ಗಂಡ: ನೀನೂ ‘ಸ್ವಲ್ಪ’ ಅಂತ ಕರೀತಿದೀಯಲ್ಲ, ಪಾಪ, ಅಪ್ಪ ಹೆದರ್ಕೋತಾರೆ.

ಮಾವ ಒಳಕೋಣೆಯಿಂದ ಗೋಡೆ ಹಿಡಿದು ಬಂದರು. ಹೆಗಲ ಮೇಲೆ ದೊಡ್ಡದೊಂದು ನೀಲಿ ಟವೆಲ್ಲು. ವಯಸ್ಸಿನ ಬಹುಪಾಲನ್ನು ಸಿನಿಮಾ ಟಾಕೀಸಿನ ಮೆಷಿನ್ ಕೋಣೆಯಲ್ಲಿ, ಗೋಡೆಯ ಒಂದು ಚೌಕ ತೂತಿನಿಂದ ಲೋಕವನ್ನು ನೋಡುತ್ತ ಕಳೆದವರು. ಕನ್ನಡದ ಚಿತ್ರ, ತೆಲುಗಿನ ಚಿತ್ರ, ಭಾಷೆಯೇ ಗೊತ್ತಿಲ್ಲದ ಚಿತ್ರ, ಎಲ್ಲವನ್ನೂ ಓಡಿಸಿದವರು. ಟಾಕೀಸು ಮುಚ್ಚಿದರೂ ಅವರೊಳಗಿನ ಮೆಷಿನ್ ನಿಂತಿರಲಿಲ್ಲ.

ಮಾವ: ಏನಮ್ಮಾ?

ಹೆಂಡತಿ: ಮಾವ, ಕೋಪ ಇಲ್ಲ, ಬೇಜಾರಿಲ್ಲ, ಸುಮ್ನೆ ಕೇಳ್ತಿದೀನಿ. ಆ ಪೊಲೀಸ್ ಸಿನಿಮಾದಲ್ಲಿ ಮಗೂಗೆ ಫೈಟ್ ತೋರಿಸಬೇಡಿ ಅಂದಿದ್ನೋ ಇಲ್ವೋ?

ಮಾವ: ಅಂದಿದ್ದೆ. ಒಂದೇ ಒಂದು ಏಟು ತೋರಿಸಿಲ್ಲ. ಬೇಕಾದ್ರೆ ಆಣೆ ಮಾಡ್ತೀನಿ.

ಹೆಂಡತಿ: ಆ ಸಿನಿಮಾದಲ್ಲಿ ಫೈಟ್ ಬಿಟ್ರೆ ಏನಿದೆ ಮಾವ?

ಮಾವ: ಬೇಕಾದಷ್ಟಿದೆ. ಇನ್‌ಸ್ಪೆಕ್ಟ್ರು ಬರ್ತಾರೆ. ಸಿಮೆಂಟ್ ಕಂಟ್ರಾಕ್ಟ್ರು ಸೂಟ್‌ಕೇಸ್ ಕೊಡ್ತಾನೆ. ಇನ್‌ಸ್ಪೆಕ್ಟ್ರು ಬೇಡ ಅಂತಾರೆ. ಫೈಟು. ಟ್ರಾನ್ಸ್‌ಫರ್. ಬೇರೆ ಊರು. ಅಲ್ಲಿ ಮಂತ್ರಿ ಭಾವಮೈದ ಸೂಟ್‌ಕೇಸ್ ಕೊಡ್ತಾನೆ. ಬೇಡ ಅಂತಾರೆ. ಫೈಟು. ಟ್ರಾನ್ಸ್‌ಫರ್. ಮಧ್ಯೆ ಒಂದು ಹಾಡು. ಮತ್ತೆ ಸೂಟ್‌ಕೇಸು.

ಗಂಡ: ಅಷ್ಟೊಂದು ಸೂಟ್‌ಕೇಸು ಬಂದ್ರೂ ಪಾಪ, ಟ್ರಾನ್ಸ್‌ಫರ್ ಆದಾಗ ಬಟ್ಟೆ ತುಂಬೋಕೆ ಅವನ ಹತ್ರ ಒಂದೂ ಇಲ್ಲ.

ಹೆಂಡತಿ: ನೀವು ಸುಮ್ನಿರಿ. ಮಾವ, ಫೈಟ್ ಬಂದಾಗ ಏನ್ ಮಾಡ್ತೀರಿ? ಮುಂದಕ್ಕೆ ಓಡಿಸ್ತೀರಾ?

ಮಾವ: ಛೆ ಛೆ! ಮುಂದಕ್ಕೆ ಓಡಿಸೋದು ನಮ್ಮ ಕಸುಬಿಗೆ ಅವಮಾನ. ರೀಲು ಕತ್ತರಿಸಬಾರದು, ಓಡಿಸಬಾರದು. ಟಾಕೀಸಲ್ಲಿ ಹೆಂಗಸ್ರು ಮಕ್ಕಳು ಬಂದಾಗ ಏನಾದ್ರೂ ಎಡವಟ್ಟು ಸೀನ್ ಬಂದ್ರೆ ನಾನು ಮೆಷಿನ್ ಮುಂದೆ ಅಂಗೈ ಅಡ್ಡ ಹಿಡೀತಿದ್ದೆ. ಪರದೆ ಕತ್ತಲು. ಸೀನ್ ಮುಗಿದ್ಮೇಲೆ ಕೈ ತೆಗೀತಿದ್ದೆ. ಇಲ್ಲೂ ಅದೇ. ಟೀವಿ ದೊಡ್ಡದು, ಅಂಗೈ ಸಾಲಲ್ಲ. ಅದಕ್ಕೇ ಈ ಟವೆಲ್ಲು.

ಮಾವ ಹೆಗಲ ಟವೆಲ್ಲನ್ನು ಎರಡೂ ಕೈಯಲ್ಲಿ ಹರಡಿ, ಆಫ್ ಆಗಿದ್ದ ಟೀವಿಯ ಮುಂದೆ ಹಿಡಿದು ತೋರಿಸಿದರು. ಅವರ ತಲೆ ಟವೆಲ್ಲಿನ ಹಿಂಬದಿಗೆ ಹೋಯಿತು.

ಹೆಂಡತಿ: ಮಾವ, ನಿಮ್ಮ ತಲೆ ಯಾಕೆ ಒಳಗಿದೆ?

ಮಾವ: ಫೈಟ್ ಮುಗೀತಾ ಇಲ್ವಾ ಅಂತ ಯಾರಾದ್ರೂ ನೋಡ್ಬೇಕಲ್ಲಮ್ಮಾ.

ಹೆಂಡತಿ: ಅಂದ್ರೆ ನೀವು ನೋಡ್ತೀರಿ.

ಮಾವ: ಮನಸ್ಸಿಲ್ಲದ ಮನಸ್ಸಿಂದ ನೋಡ್ತೀನಿ.

ಗಂಡ ಸೋಫಾದ ದಿಂಬಿನಲ್ಲಿ ಮುಖ ಮುಚ್ಚಿಕೊಂಡ. ಅವನ ಹೆಗಲು ಕುಲುಕುತ್ತಿತ್ತು. ಅವಳಿಗೆ ನಗು ಬರಲಿಲ್ಲ. ಸೋಮವಾರ ಹತ್ತಿರ ಬಂದಾಗ ಅವಳಿಗೆ ಯಾವುದಕ್ಕೂ ನಗು ಬರುವುದಿಲ್ಲ.

ಹೆಂಡತಿ: ಸರಿ, ಕಣ್ಣಿಗೆ ಟವೆಲ್ಲು. ಕಿವಿಗೆ? ಢಿಶುಂ ಢಿಶುಂ ಕೇಳ್ಸಲ್ವಾ?

ಮಾವ: ಸೌಂಡ್ ಪೂರ್ತಿ ತೆಗೀತೀನಿ.

ಹೆಂಡತಿ: ಅವಳು ಸುಮ್ನೆ ಕೂರ್ತಾಳಾ? ಟವೆಲ್ ಹಿಂದೆ ಏನಾಗ್ತಿದೆ ಅಂತ ಕೇಳಲ್ವಾ?

ಇಲ್ಲಿ ಮಾವ ಮೊದಲ ಸಲ ತಡವರಿಸಿದರು. ಟವೆಲ್ಲನ್ನು ಮಡಚಿದರು, ಬಿಡಿಸಿದರು, ಮತ್ತೆ ಮಡಚಿದರು.

ಮಾವ: ಕೇಳ್ತಾಳೆ.

ಹೆಂಡತಿ: ಏನಂತೀರಿ?

ಮಾವ: ‘ಇನ್‌ಸ್ಪೆಕ್ಟ್ರು ಅವರಿಗೆಲ್ಲ ಬುದ್ಧಿ ಹೇಳ್ತಿದಾರೆ’ ಅಂತೀನಿ.

ಗಂಡ: ಫೈಟ್ ಮುಗಿದು ಟವೆಲ್ ತೆಗೆದ್ರೆ, ಅಲ್ಲಿ ಹತ್ತಿಪ್ಪತ್ತು ಜನ ನೆಲಕ್ಕೆ ಬಿದ್ದಿರ್ತಾರಲ್ಲಪ್ಪಾ?

ಮಾವ: ಅದನ್ನೂ ಕೇಳಿದ್ಲು. ‘ತಾತಾ, ಇವರೆಲ್ಲ ಯಾಕೆ ಹೀಗೆ ಮಲಗಿದಾರೆ?’ ಅಂತ. ನಾನೇನು ಹೇಳ್ಲಿ? ‘ಇನ್‌ಸ್ಪೆಕ್ಟ್ರು ಅಷ್ಟು ಹೊತ್ತು ಬುದ್ಧಿ ಹೇಳಿದ್ರಲ್ಲ ಕಂದಾ, ಕೇಳಿ ಕೇಳಿ ನಿದ್ದೆ ಬಂದ್ಬಿಡ್ತು’ ಅಂದೆ.

ಹೆಂಡತಿ: ಅಯ್ಯೋ ಮಾವಾ!

ಗಂಡ: ಇನ್‌ಸ್ಪೆಕ್ಟರ್ ಶರ್ಟು ಹರಿದಿರುತ್ತಲ್ಲ?

ಮಾವ: ಬುದ್ಧಿ ಹೇಳೋದು ಅಂದ್ರೆ ಸುಲಭಾನಾ? ಬೆವರು ಕಿತ್ಕೊಂಡು ಬರುತ್ತೆ, ಶರ್ಟು ಹರಿಯುತ್ತೆ. ಅದೂ ಹೇಳಿದೀನಿ. ಒಂದ್ಸಲ ಟವೆಲ್ ಹಿಡಿಯೋದು ಚೂರು ತಡ ಆಯ್ತು. ಒಬ್ಬ ಗಾಳೀಲಿ ಹಾರ್ಕೊಂಡು ಹೋಗಿದ್ದು ನೋಡ್ಬಿಟ್ಲು.

ಗಂಡ: ಅದಕ್ಕೇನಂದ್ರಿ?

ಮಾವ: ‘ಅವನಿಗೆ ಬೇಗ ಅರ್ಥ ಆಯ್ತು, ಖುಷಿಗೆ ಹಾರಿದ’ ಅಂದೆ.

ಗಂಡ ದಿಂಬು ಬಿಸಾಡಿ ಬಿದ್ದು ಬಿದ್ದು ನಕ್ಕ. ಅವಳ ತಲೆಯಲ್ಲಿ ಮಾತ್ರ ಏನೋ ಒಂದು ಟಕ್ ಎಂದಿತು.

ಹೆಂಡತಿ: ಒಂದ್ನಿಮಿಷ. ಅಂದ್ರೆ ನನ್ನ ಮಗಳು ಏನಂದ್ಕೊಂಡಿದಾಳೆ? ಒಳ್ಳೇ ಪೊಲೀಸ್ ಅಂದ್ರೆ ತೋಳು ಮಡಚ್ತಾನೆ, ಎದುರಿಗಿರೋರಿಗೆ ಬುದ್ಧಿ ಹೇಳ್ತಾನೆ, ಅವರು ಮಲಗ್ತಾರೆ. ಹಾಗಾ?

ಮಾವ: ಹೂಂ. ಬುದ್ಧಿ ಹೇಳ್ತಿದಾರೆ ಅಂತ ಸುಮ್ನೆ ಅಂದು ಬಿಟ್ಟಿಲ್ಲಮ್ಮಾ, ಟವೆಲ್ ಹಿಂದಿಂದ ಆ ಬುದ್ಧಿಮಾತನ್ನೂ ನಾನೇ ಹೇಳಿದೀನಿ. ಫೈಟ್ ಎಷ್ಟುದ್ದ ಇರುತ್ತೋ ಅಷ್ಟುದ್ದ. ಮೊದಲನೇ ಫೈಟಿಗೆ ‘ಲಂಚ ತಗೋಬಾರದು, ಸುಳ್ಳು ಹೇಳ್ಬಾರದು’ ಸಾಕಾಯ್ತು. ಎರಡನೇದಕ್ಕೆ ಹಲ್ಲುಜ್ಜೋದು, ಉಗುರು ಕತ್ತರಿಸೋದು. ಕೊನೇ ಫೈಟು ಇದೆ ನೋಡು, ಗೋಡೌನಲ್ಲಿ, ಅದು ಮುಗಿಯೋದೇ ಇಲ್ಲ! ನನ್ನ ಹತ್ರ ಇದ್ದಬದ್ದ ನೀತಿಯೆಲ್ಲ ಖಾಲಿ. ಆಮೇಲೆ ಮೆಷಿನ್ ಒರೆಸೋದು ಹೇಗೆ ಅಂತ ಹೇಳ್ಕೊಂಡು ಹೋದೆ.

ಗಂಡ: ಇನ್‌ಸ್ಪೆಕ್ಟ್ರೇ! ಒಂದ್ನಿಮಿಷ ಬನ್ನಿ! ಗುಂಡನಿಗೆ ಏನ್ ಮಾಡಿದ್ರಿ ಅಂತ ಅಪ್ಪನಿಗೆ ತೋರ್ಸಿ.

ಮಗಳು ಬಂದಳು. ಬಾಯಿಯ ಸುತ್ತ ಕ್ರೀಮು. ಅಪ್ಪನನ್ನು ಮೇಲಿಂದ ಕೆಳಗೆ ನೋಡಿ, ಒಂದು ತೋಳು ಮಡಚಿದಳು. ಇನ್ನೊಂದು ತೋಳು ಮಡಚಿದಳು. ಆಮೇಲೆ ತಾತನದೇ ರಾಗದಲ್ಲಿ, ಇಳಿಸಿ ಎಳೆದು ಶುರುಮಾಡಿದಳು.

ಮಗಳು: ನೋಡಪ್ಪಾ... ಲಂಚ ತಗೋಬಾರ್ದು. ಲಂಚ ಕೊಡಬಾರ್ದು. ಲಂಚ ಮುಟ್ಟಿದ್ರೆ ಸೋಪ್ ಹಾಕಿ ಕೈ ತೊಳೀಬೇಕು. ಗುಂಡ ನನ್ನ ಬನ್ನು ಕೇಳಬಾರ್ದು. ಉಗುರು ಕಚ್ಚಬಾರ್ದು. ಆಮೇಲೆ... ಲೆನ್ಸು ಒರೆಸ್ಬೇಕು. ಮೆತ್ತನೆ ಬಟ್ಟೇಲಿ ಒರೆಸ್ಬೇಕು. ದುಂಡಗೆ ಒರೆಸ್ಬೇಕು. ಮೆಲ್ಲಗೆ ಒರೆಸ್ಬೇಕು. ಒರೆಸಿ... ಮತ್ತೆ ಒರೆಸಿ... ಊಫ್ ಅಂತ ಊದಿ... ಮತ್ತೆ ಒರೆಸಿ...

ಗಂಡನಿಗೆ ಒಂದು ಆಕಳಿಕೆ ಬಂತು. ಅದನ್ನು ಮುಚ್ಚಿಕೊಳ್ಳುವಷ್ಟರಲ್ಲಿ ಇನ್ನೊಂದು ಬಂತು. ಮಾವ ತಾವೇ ಕಟ್ಟಿದ ನೀತಿಯನ್ನು ಕೇಳುತ್ತ ಕುರ್ಚಿಯಲ್ಲಿ ತೂಗತೊಡಗಿದರು. ಲೆನ್ಸು ಎರಡನೇ ಸಲ ಒರೆಸಿ ಮುಗಿಯುವ ಮೊದಲೇ ಗಂಡ ಸೋಫಾದ ಮೇಲೆ ಒಂದು ಕಡೆಗೆ ವಾಲಿದ. ಅವಳಿಗೂ ರೆಪ್ಪೆ ಭಾರವಾಯಿತು. ತೊಡೆಯನ್ನು ತಾನೇ ಜಿಗುಟಿಕೊಂಡಳು.

ಹೆಂಡತಿ: ಸಾಕು ಪುಟ್ಟಾ, ಸಾಕು! ರೀ, ಏಳ್ರೀ! ಮಾವಾ!

ಗಂಡ: ಹಾಂ? ಯಾವ ಫ್ಲೋರು?

ಹೆಂಡತಿ: ಮನೇಲಿದೀರಿ. ಪುಟ್ಟಾ, ಅಮ್ಮನ ಮುಖ ನೋಡಿ ಹೇಳು. ಶಿಶುವಿಹಾರದಲ್ಲಿ ಯಾರನ್ನಾದ್ರೂ ಹೊಡೆದಿದೀಯಾ?

ಮಗಳು: ಪೊಲೀಸ್ ಹೊಡೀತಾರಾ?

ಆ ಪ್ರಶ್ನೆಗೆ ದೊಡ್ಡವರು ಮೂವರೂ ಮೂರು ಕಡೆ ನೋಡಿದರು.

ಗಂಡ: ಸರಿ. ಕೊಲೆ ಇಲ್ಲ, ಗಾಯ ಇಲ್ಲ. ಗುಂಡ ತಾನಾಗೇ ನಿದ್ದೆ ಹೋದ. ಫೈಲ್ ಕ್ಲೋಸ್. ನಾನು ಮಲಗ್ತೀನಿ.

ಹೆಂಡತಿ: ಹಾಗಾದ್ರೆ ಮಿಸ್ ಯಾಕೆ ದನಿ ಇಳಿಸಿ ಮಾತಾಡಿದ್ರು? ಮಕ್ಕಳು ಮಲಗಿದ್ರೆ ಅವರಿಗೆ ಖುಷಿ ಆಗ್ಬೇಕಲ್ವಾ? ಅಥವಾ... ಮಕ್ಕಳಿಗೆ ಮಲಗೋ ಕಾಯಿಲೆ ಬಂತು ಅಂದ್ಕೊಂಡಿದ್ರೆ? ನಾವೇ ಬಿಸ್ಕತ್ತಲ್ಲಿ ಏನೋ ಬೆರೆಸಿ ಕಳ್ಸಿದೀವಿ ಅಂದ್ಕೊಂಡಿದ್ರೆ?

ಗಂಡ: ಅಬ್ಬಬ್ಬಾ, ಒಂದು ಚಿಂತೆ ಸತ್ತರೆ ಅದರ ಹೊಟ್ಟೇಲಿ ಇನ್ನೆರಡು ಮರಿ! ಫೋನ್ ಮಾಡೇ ತಾಯೀ.

ಮಾವ: ಮಾಡಮ್ಮಾ. ಬೇಕಾದ್ರೆ ತಪ್ಪು ನಂದು ಅಂತ ಹೇಳು. ಮುದುಕ, ಟಾಕೀಸಿನೋನು, ತಲೆ ಕೆಟ್ಟಿದೆ ಅನ್ನು. ನಿನ್ನ ಸೋಮವಾರ ಉಳೀಲಿ.

ಆ ಮಾತು ಅವಳಿಗೆ ಎಲ್ಲೋ ಚುರುಕ್ ಎನ್ನಿಸಿತು. ಮಾವನಿಗೆ ಬೈಯುವುದಕ್ಕೆಂದು ಬೆಳಿಗ್ಗೆಯಿಂದ ಜೋಡಿಸಿಟ್ಟುಕೊಂಡಿದ್ದ ಮಾತುಗಳೆಲ್ಲ ಗಂಟಲಲ್ಲೇ ಕರಗಿದವು. ಅವಳು ಉಸಿರು ಎಳೆದುಕೊಂಡು ಫೋನ್ ಮಾಡಿದಳು. ಗಂಡ ಕೈ ಚಾಚಿ ಸ್ಪೀಕರ್ ಒತ್ತಿದ.

ಮಿಸ್: ಹಲೋ... ಒಂದ್ನಿಮಿಷ ಇರಿ, ಆಚೆ ಬರ್ತೀನಿ. ಹಾಂ, ಹೇಳಿ. ಮಗೂಗೆ ಕೆಮ್ಮು ಹೇಗಿದೆ?

ಹೆಂಡತಿ: ಮಿಸ್, ಕೆಮ್ಮು... ಕೆಮ್ಮಿಲ್ಲ ಮಿಸ್. ನನಗೆ ಭಯ ಆಗಿ ಕಳಿಸ್ಲಿಲ್ಲ.

ಮಿಸ್: ಭಯಾನಾ? ಅಂದ್ರೆ... ಮಗು ಮನೇಲಿ ಎಲ್ಲಾ ಹೇಳಿದಾಳೆ.

ಹೆಂಡತಿ: ಈಗಷ್ಟೇ ಗೊತ್ತಾಯ್ತು ಮಿಸ್. ದಯವಿಟ್ಟು ತಪ್ಪು ತಿಳ್ಕೋಬೇಡಿ. ಹೀಗಾಗ್ಬಾರದಿತ್ತು.

ಮಿಸ್: ಆಗಲೇಬಾರದಿತ್ತು. ರಾತ್ರಿಯೆಲ್ಲ ನಿದ್ದೆ ಇಲ್ಲ ನನಗೆ.

ಹೆಂಡತಿ: ನನಗೂ ಇಲ್ಲ. ಇದೊಂದು ಸಲ ಕ್ಷಮಿಸಿ ಮಿಸ್.

ಮಿಸ್: ನೀವ್ಯಾಕೆ ಕ್ಷಮೆ ಕೇಳ್ತೀರಿ? ಚುಚ್ಚಿ ಮಾತಾಡ್ಬೇಡಿ. ಬೇಕಾದ್ರೆ ನೇರವಾಗಿ ಬೈದ್ಬಿಡಿ. ನಾನು ಹದಿನೆಂಟು ವರ್ಷದಿಂದ ಮಕ್ಕಳನ್ನ ಮಲಗಿಸಿದೋಳು. ಯಾವತ್ತೂ ನಾನೇ ಮಲಗಿರ್ಲಿಲ್ಲ!

ಗಂಡ ಎದ್ದು ಕೂತ. ಮಾವ ಕುರ್ಚಿಯನ್ನು ಫೋನಿನ ಹತ್ತಿರ ಎಳೆದುಕೊಂಡರು.

ಹೆಂಡತಿ: ನೀವು... ಮಲಗಿದ್ರಾ?

ಮಿಸ್: ಮೊನ್ನೆ ಮಧ್ಯಾಹ್ನ. ನಿಮ್ಮ ಮಗಳು ನಿಂತ್ಕೊಂಡು ಏನೋ ಒರೆಸೋದು ಹೇಳ್ತಿದ್ಲು. ಮಕ್ಕಳೆಲ್ಲ ಒಬ್ಬೊಬ್ಬರಾಗಿ ಉರುಳಿದ್ರು. ಆಹಾ, ಎಷ್ಟು ಚೆನ್ನಾಗಿದೆ ಅಂದ್ಕೊಂಡೆ. ಅಷ್ಟೇ ನೆನಪು. ಆಯಮ್ಮನೂ ಅಡಿಗೆಯವಳೂ ಅಲ್ಲೇ ಗೋಡೆಗೊರಗಿ. ಎಚ್ಚರ ಆದಾಗ ಮುಂದೆ ಪಾರ್ಸೆಲ್ ತಂದೋನು ಕೂತಿದಾನೆ. ನಿಮ್ಮ ಮಗಳು ಅವನಿಗೂ ಶುರು ಮಾಡಿದ್ಲು.

ಮಾವ: (ಮೆಲ್ಲಗೆ) ಅವನು ಎಷ್ಟು ಹೊತ್ತು ತಡ್ಕೊಂಡ ಕೇಳಮ್ಮಾ.

ಮಿಸ್: ಯಾರದು?

ಹೆಂಡತಿ: ಯಾರೂ ಇಲ್ಲ ಮಿಸ್. ಹೇಳಿ.

ಮಿಸ್: ‘ಇದನ್ನ ಯಾರಿಗೂ ಹೇಳ್ಬೇಡ ಚಿನ್ನಾ’ ಅಂತ ಅವಳಿಗೆ ಬಲೂನ್ ಕೊಟ್ಟೆ. ‘ಲಂಚ’ ಅಂದ್ಲು. ಎರಡು ಕೊಟ್ಟೆ. ‘ಎರಡು ಲಂಚ’ ಅಂದ್ಲು. ಅದಕ್ಕೇ ನಿಮ್ಮ ಹತ್ರಾನೇ ಮಾತಾಡೋಣ ಅಂತ... ನೋಡಿ, ಹೊರಗೆ ಗೊತ್ತಾದ್ರೆ ಯಾವ ತಾಯಿ ಮಗೂನ ಕಳಿಸ್ತಾಳೆ? ನೀವು ಹಿಂದೆ ಕೇಳಿದ್ರಲ್ಲ, ಸಂಜೆ ಒಂದು ಗಂಟೆ ಹೆಚ್ಚು ಮಗೂನ ಇಟ್ಕೊಳ್ಳಿ ಅಂತ. ನಿಯಮ ಇಲ್ಲ ಅಂದಿದ್ದೆ. ಇಟ್ಕೋತೀನಿ. ಸೋಮವಾರದಿಂದ್ಲೇ. ನಿಮ್ಮೊಬ್ಬರಿಗೇ. ಇದು ನಮ್ಮಿಬ್ಬರಲ್ಲೇ ಇರ್ಲಿ.

ಆ ಒಂದು ಗಂಟೆ! ಅವಳ ಕಚೇರಿ ಮುಚ್ಚುವುದಕ್ಕೂ ಶಿಶುವಿಹಾರ ಮುಚ್ಚುವುದಕ್ಕೂ ನಡುವೆ ಹಳ್ಳದಂತೆ ಬಾಯಿ ತೆರೆದಿದ್ದ ಒಂದು ಗಂಟೆ. ಅದಕ್ಕಾಗಿ ಅವಳು ಮಿಸ್ಸಿನ ಮುಂದೆ ಹಲ್ಲು ಗಿಂಜಿದ್ದಳು, ಮ್ಯಾನೇಜರಿನ ಮುಂದೆ ಗಿಂಜುವುದಕ್ಕೆ ಅಭ್ಯಾಸ ಮಾಡುತ್ತಿದ್ದಳು. ಗಂಡ ಎರಡೂ ಕೈ ಎತ್ತಿ ‘ತಗೋ, ತಗೋ’ ಎಂದು ಸನ್ನೆ ಮಾಡಿದ. ಮಾವ ತಾರಸಿಯನ್ನು ನೋಡಿದರು.

ಮಗಳು ಮಾತ್ರ ಅವಳನ್ನೇ ನೋಡುತ್ತಿದ್ದಳು. ಕನ್ನಡಕ ಇಲ್ಲದೆ.

ಹೆಂಡತಿ: ಮಿಸ್, ಒಂದು ಕೇಳ್ಲಾ? ಪಾರ್ಸೆಲ್‌ನೋನು ಒಳಗೆ ಹೇಗೆ ಬಂದ?

ಮಿಸ್: ಗೇಟು... ಗೇಟಿನ ಚಿಲಕ ಸಡಿಲ ಇದೆ. ತಳ್ಳಿದ್ರೆ ತೆರ್ಕೊಳ್ಳುತ್ತೆ.

ಹೆಂಡತಿ: ಒಳಗಿಂದ ತಳ್ಳಿದ್ರೂ?

ಮಿಸ್ ‘ಹೂಂ’ ಎಂದರು. ಗೇಟಿನಾಚೆ ರಸ್ತೆ, ರಸ್ತೆಯಲ್ಲಿ ಲಾರಿ. ವಿಮಾ ಕಚೇರಿಯವಳಿಗೆ ಅದಕ್ಕಿಂತ ಹೆಚ್ಚು ಬೇಕಿರಲಿಲ್ಲ. ಬೆಳಗಿನಿಂದ ಹತ್ತು ಕಡೆ ಹರಿದಾಡುತ್ತಿದ್ದ ಅವಳ ಭಯವೆಲ್ಲ ಒಂದೇ ಕಡೆ ಬಂದು ನಿಂತು, ಗಟ್ಟಿಯಾಯಿತು.

ಹೆಂಡತಿ: ನನಗೆ ಆ ಒಂದು ಗಂಟೆ ಬೇಕೇ ಬೇಕು ಮಿಸ್. ಆದ್ರೆ ಹೀಗೆ ಬೇಡ.

ಗಂಡ ತಲೆಯ ಮೇಲೆ ಕೈ ಹೊತ್ತುಕೊಂಡ.

ಹೆಂಡತಿ: ಇವತ್ತೇ ಚಿಲಕ ಸರಿ ಮಾಡ್ಸಿ. ನಮ್ಮ ಮನೆಯವರೇ ಈಗ ಬಂದು ಹಾಕ್ತಾರೆ, ಇಲ್ಲೇ ಕೂತಿದಾರೆ, ಅವರಿಗೇನೂ ನಿದ್ದೆ ಇಲ್ಲ. ಸಂಜೆ ತಾಯಂದಿರು ಬಂದಾಗ ಹೀಗೀಗಾಯ್ತು, ಇನ್ನಾಗಲ್ಲ ಅಂತ ನೀವೇ ಹೇಳ್ಬಿಡಿ. ನಾನು ನಿಮ್ಮ ಪಕ್ಕದಲ್ಲೇ ನಿಂತಿರ್ತೀನಿ. ಹೇಳಿ ಆದ್ಮೇಲೆ ಎಲ್ಲರೆದುರಿಗೇ ಆ ಗಂಟೆ ಕೇಳ್ತೀನಿ. ಕೆಲಸಕ್ಕೆ ಹೋಗೋ ಎಲ್ಲಾ ತಾಯಂದಿರಿಗೂ ಸೇರಿಸಿ ಕೇಳ್ತೀನಿ.

ಮಾವ ತಾರಸಿಯಿಂದ ಕಣ್ಣು ಇಳಿಸಿ, ಟಾಕೀಸಿನಲ್ಲಿ ಸಿಳ್ಳೆ ಹೊಡೆಯುವವರಂತೆ ಎರಡು ಬೆರಳನ್ನು ಬಾಯಿಯ ತನಕ ಒಯ್ದು, ಸೊಸೆಯ ಮುಖ ನೋಡಿ ಕೆಳಗಿಟ್ಟರು.

ಮಿಸ್: ಎಲ್ಲರಿಗೂನಾ? ಅದು... ಯೋಚ್ನೆ ಮಾಡ್ಬೇಕು. ಈಗ್ಲೇ ಹೇಳೋಕಾಗಲ್ಲ ಕಣ್ರೀ.

ಹೆಂಡತಿ: ಸರಿ ಮಿಸ್, ಯೋಚ್ನೆ ಮಾಡಿ. ಅಲ್ಲೀವರೆಗೆ ಇರಿ, ನಮ್ಮ ಇನ್‌ಸ್ಪೆಕ್ಟ್ರು ನಿಮ್ಮ ಹತ್ರ ಸ್ವಲ್ಪ ಮಾತಾಡ್ಬೇಕಂತೆ, ಫೋನ್ ಕೊಡ್ತೀನಿ.

ಮಿಸ್: ಅಯ್ಯಯ್ಯೋ, ಬೇಡ, ಬೇಡ! ಒಪ್ಪಿದೆ ತಾಯೀ, ಎಲ್ಲರಿಗೂ ಒಪ್ಪಿದೆ! ಈಗ ತಾನೇ ನನ್ನ ಊಟ ಆಗಿದೆ, ಮಕ್ಕಳಿನ್ನೂ ಒಬ್ಬರೂ ಮಲಗಿಲ್ಲ!